ದಿನಾ ಟಿವ್ಯಾಗ ಬರತಾನ, ಹಂಗಾರ ದಿನಾ ರೊಕ್ಕ ಬರಬೇಕಲ್ರಿ?

ಮತ್ತ ಅದೇ ಪ್ರಶ್ನಿ. ಈ ಸಲ ಗದಗ ಕಡೆಯವರು ಕೇಳ್ಯಾರ: ನಮ್ಮ ತಮ್ಮನ ಮಗ ಸೀರಿಯಲ್‌ದಾಗ ಸೋಮವಾರದಿಂದ ಶುಕ್ರವಾರ ತನಕ ಕಾಣಸ್ತಾನ, ಆದ್ರೂ ಬೆಂಗಳೂರಾಗಿನ ರೂಮಿನ ಬಾಡಿಗಿಗೆ ಊರಿಗೆ ಫೋನ್ ಮಾಡತಾನ, ರೊಕ್ಕ ಎಲ್ಲಿ ಹಾಳ ಮಾಡಾಕತ್ತಾನ ಅಂತ.

ಹಾಳ ಮಾಡಾಕತ್ತಿಲ್ರೀ, ರೊಕ್ಕ ಬಂದೇ ಇಲ್ಲ. ಟಿವ್ಯಾಗ ಕಂಡ ದಿನಕ್ಕ ಪಗಾರ ಇಲ್ಲ, ಶೂಟಿಂಗ್ ಆದ ದಿನಕ್ಕ ಅಷ್ಟ. ಗೌಂಡಿ ಕಟ್ಟಿದ ಮನ್ಯಾಗ ನೀವು ದಿನಾ ಇರ್ತೀರಿ ಅಂತ ಅವಂಗ ದಿನಾ ಕೂಲಿ ಕೊಡ್ತೀರೇನು? ಒಂದೇ ಮನಿ ಹಾಲ್‌ದಾಗ ನಡಿಯೋ ನಾಕೈದು ಎಪಿಸೋಡಿನ ಸೀನು ಒಟ್ಟಿಗೆ ತಗದ ಬಿಡ್ತಾರ, ಶರ್ಟ್ ಬದಲಿ ಮಾಡಿ ಅದೇ ಸೋಫಾದ ಮ್ಯಾಲೆ ಕುಂತ್ರ ಮುಂದಿನ ವಾರದ್ದು ಮುಗದಂಗ, ನೀವು ಐದು ದಿನ ನೋಡಿದ್ದು ಅವಂಗ ಒಂದೋ ಎರಡೋ ದಿನದ ದುಡಿಮಿ. ಹೀರೋ, ಹೀರೋಯಿನ್ ಲೆಕ್ಕ ಬ್ಯಾರೆ, ನಾ ಹೇಳಾಕತ್ತಿದ್ದು ಚಿಕ್ಕಪ್ಪ, ಮ್ಯಾನೇಜರ್, ಪಕ್ಕದ ಮನಿಯಾಂವ ಆಗಿ ಬರೋರ ಸುದ್ದಿ. ಅದನ್ನೂ ಕೈಯಾಗ ಕೊಡೂದಿಲ್ಲ, ತಿಂಗಳೋ ಎರಡು ತಿಂಗಳೋ ಬಿಟ್ಟು ಬರತೈತಿ, ಅದರಾಗ ಶೇ. 10 ಟಿಡಿಎಸ್, ಅಂದ್ರ ಮೊದಲೇ ಹಿಡಿಯೋ ಇನ್‌ಕಮ್ ಟ್ಯಾಕ್ಸ್, ಮುರಕೊಂಡಿರ್ತಾರ. (ಐಟಿ ರಿಟರ್ನ್ ಹಾಕಂತ ಹೇಳ್ರಿ, ಆದಾಯ ಕಡಿಮಿ ಇದ್ರ ಅದು ವಾಪಸ್ ಬರತೈತಿ, ಭಾಳ ಹುಡುಗ್ರು ಹಾಕೂದೇ ಇಲ್ಲ.) ಹಳೇ ಎಪಿಸೋಡ್ ಮೊಬೈಲಿನ್ಯಾಗ ಎಷ್ಟ ಮಂದಿ ನೋಡಿದ್ರೂ ಇಂಥಾ ಸಣ್ಣ ಪಾತ್ರದಾಂವಗ ಸಾಮಾನ್ಯವಾಗಿ ಒಂದ್ ಪೈಸಾ ಜಾಸ್ತಿ ಇಲ್ಲ.

"ಉಳದ ದಿನ ಬ್ಯಾರೆ ಕೆಲಸ ಮಾಡ್ಲಿ" ಅಂತೀರಿ, ಗೊತ್ತೈತಿ. ಯಾರು ಇಟಗೋತಾರ? ನಾಳೆ ಮುಂಜಾನೆ ಶೂಟಿಂಗ್ ಅಂತ ಇವತ್ತ ರಾತ್ರಿ ಫೋನ್ ಬರತೈತಿ, ಹೋಗ್ಲಿಲ್ಲಂದ್ರ ಪಾತ್ರಾನ ಫಾರಿನ್ನಿಗೆ ಕಳಸಿ ಕಥಿಯಿಂದನ ತಗದ ಬಿಡ್ತಾರ. ಕಂಟಿನ್ಯೂಟಿ ಅಂತ ಒಂದೈತಿ, ಅಂದ್ರ ಹಿಂದಿನ ಸೀನಿನ್ಯಾಗ ಇದ್ದಂಗ ಮುಂದಿನ ಸೀನಿನ್ಯಾಗೂ ಕಾಣಬೇಕು, ಗಡ್ಡ ಬಿಟ್ಟ ಪಾತ್ರ ಆದ್ರ ಗಡ್ಡ ತಗಿಯೋಹಂಗಿಲ್ಲ, ಗಡ್ಡ ಬ್ಯಾಡ ಅನ್ನೋ ಅಡ್ವರ್ಟೈಸ್‌ಮೆಂಟ್ ಬಂದ್ರೂ ಬಿಡಬೇಕು. ಖಾಲಿ ಕುಂತ ದಿನಾನೂ ಸೀರಿಯಲ್‌ದವರ ಕೈಯಾಗ ಇರ್ತಾವ, ರೊಕ್ಕ ಮಾತ್ರ ಇಲ್ಲ. ಹಂಗಾಗಿ ಬಾಡಿಗಿ ಕಳಸ್ರಿ, ಬೈಬ್ಯಾಡ್ರಿ.

ಇನ್ನ ನೀವು ಕೇಳಿಲ್ಲ, ಆದ್ರೂ ಹೇಳತೇನಿ, ನಮ್ಮ ಕಡೆ ಭಾಷಾದ್ದು. ಹುಬ್ಬಳ್ಳಿ-ಧಾರವಾಡ ಮಾತು ಬಾಯಾಗ ಬಂತಂದ್ರ ಕಾಮಿಡಿ ಇಲ್ಲಾ ರೌಡಿ, ಎರಡ ಪಾತ್ರ. ಅದಕ್ಕ ಭಾಷಾ ಬಿಡಾಕ ಹೊಂಟಿರ್ತಾವ ಹುಡುಗ್ರು. ಯಾಕ ಬಿಡಬೇಕು? ಏಣಗಿ ಬಾಳಪ್ಪನವರು ನಮ್ಮ ಈ ಕಡೆ ಕನ್ನಡದಾಗ ಕಂಪನಿ ನಾಟಕ ಆಡಿ ಹೆಸರ ಮಾಡಿದವರು. ಊರಿಗೆ ಬಂದಾಗ ಧಾರವಾಡ ರಂಗಾಯಣದ ನಾಟಕ ನೋಡ್ಲಿ, ಬೆಂಗಳೂರ ಕನ್ನಡಾನೂ ಕಲೀಲಿ, ಆಡಿಷನ್‌ದಾಗ ಅದೇ ಡೈಲಾಗ್ ಎರಡೂ ನಮೂನಿ ಹೇಳಿ ತೋರಸ್ಲಿ, ಕೇಳದಿದ್ರೂ.