ಕಂದಕ ಏರಿದ ಸೈನಿಕರು: ಹಳೆಯ ತುಣುಕನ್ನು ಓದುವುದು ಹೇಗೆ?

ಮೊದಲ ಮಹಾಯುದ್ಧದ ಸಾಕ್ಷ್ಯಚಿತ್ರಗಳಲ್ಲಿ ಮತ್ತೆ ಮತ್ತೆ ಎದುರಾಗುವ ಒಂದು ದೃಶ್ಯವಿದೆ. ಸೈನಿಕರು ಕಂದಕದಿಂದ ಮೇಲೇರುತ್ತಾರೆ. ಒಬ್ಬ ಅಂಚಿನಲ್ಲೇ ಕುಸಿದು ಹಿಂದಕ್ಕೆ ಜಾರುತ್ತಾನೆ, ಉಳಿದವರು ಹೊಗೆಯಲ್ಲಿ ಮರೆಯಾಗುತ್ತಾರೆ. ಮೊದಲ ಸಲ ನೋಡಿದಾಗ ನನಗೆ ಎದೆ ಝಲ್ಲೆಂದಿತ್ತು. ಅದು ನಟನೆ ಎಂದು ಆಮೇಲೆ ಓದಿದೆ.

ಈ ತುಣುಕು ಬಂದದ್ದು 1916ರಲ್ಲಿ ಬ್ರಿಟನ್ನಿನಲ್ಲಿ ತೆರೆಕಂಡ ‘ದಿ ಬ್ಯಾಟಲ್ ಆಫ್ ದಿ ಸೋಮ್’ ಚಿತ್ರದಿಂದ. ಫ್ರಾನ್ಸಿನ ಸೋಮ್ ನದಿಯ ಬಳಿ ನಡೆದ ಕದನದ ಚಿತ್ರ ಅದು. ಜೆಫ್ರಿ ಮ್ಯಾಲಿನ್ಸ್ ಮತ್ತು ಜಾನ್ ಮೆಕ್‌ಡೊವೆಲ್ ಅದರ ಛಾಯಾಗ್ರಾಹಕರು. ಚಿತ್ರದ ಬಹುಪಾಲು ಅಸಲಿಯೇ: ಫಿರಂಗಿಗಳು, ಗಾಯಾಳುಗಳು, ದಾಳಿ ಶುರುವಾದ ಜುಲೈ 1ರ ಬೆಳಿಗ್ಗೆ ಹಾಥಾರ್ನ್ ದಿಬ್ಬದಲ್ಲಿ, ಜರ್ಮನ್ ನೆಲೆಯ ಕೆಳಗೆ ಸುರಂಗ ತೋಡಿ ಸಿಡಿಸಿದ ಸ್ಫೋಟಕ. ಆದರೆ ಕಂದಕ ಏರುವ ಭಾಗವನ್ನು ರಣರಂಗದ ಹಿಂದೆ, ತರಬೇತಿಯ ಜಾಗದಲ್ಲಿ ಚಿತ್ರಿಸಿದ್ದು ಎಂಬುದು ಇತಿಹಾಸಕಾರರ ತೀರ್ಮಾನ. ಸುಳಿವುಗಳು ಚಿತ್ರದಲ್ಲೇ ಇವೆ. ಸೈನಿಕರ ಬೆನ್ನಿಗೆ ಹೊರೆಯಿಲ್ಲ. ಕ್ಯಾಮೆರಾ ನಿಂತಿರುವುದು ಗುಂಡಿಗೆ ನೇರವಾಗಿ ಸಿಗುವ ಎಡೆಯಲ್ಲಿ. ಬಿದ್ದು ‘ಸತ್ತ’ ಒಬ್ಬ ಮಹಾಶಯ ಆರಾಮವಾಗಿ ಕಾಲ ಮೇಲೆ ಕಾಲು ಹಾಕಿಕೊಳ್ಳುತ್ತಾನೆ!

ಹಾಗಿದ್ದೂ ಸಂಕಲನಕಾರರು ಇದನ್ನೇ ಏಕೆ ಹುಡುಕಿಕೊಂಡು ಹೋಗುತ್ತಾರೆ? ಮುಕ್ಕಾಲಿಯ ಮೇಲೆ ನಿಲ್ಲಿಸಿ, ಹಿಡಿಕೆ ತಿರುಗಿಸಿ ಚಿತ್ರಿಸಬೇಕಿದ್ದ ಅಂದಿನ ಕ್ಯಾಮೆರಾಕ್ಕೆ ದಾಳಿಯ ಕ್ಷಣ ಹತ್ತಿರದಿಂದ ದಕ್ಕುತ್ತಿರಲಿಲ್ಲ. ನಿರೂಪಕರು ‘ದಾಳಿ ಶುರುವಾಯಿತು’ ಎಂದಾಗ ಪರದೆ ಖಾಲಿ ಇರುವಂತಿಲ್ಲವಲ್ಲ. ನನ್ನ ಮಟ್ಟಿಗೆ ಆರ್ಕೈವ್ ತುಣುಕಿನ, ಅಂದರೆ ಸಂಗ್ರಹದಿಂದ ತೆಗೆದು ಬಳಸುವ ಹಳೆಯ ಚಿತ್ರದ, ದೊಡ್ಡ ಅಪಾಯ ಇರುವುದು ಇಲ್ಲೇ, ಈ ಭರ್ತಿ ಮಾಡುವ ಕೆಲಸದಲ್ಲಿ. ಬಿಬಿಸಿ 1964ರಲ್ಲಿ ‘ದಿ ಗ್ರೇಟ್ ವಾರ್’ ಸರಣಿಯ 26 ಕಂತುಗಳನ್ನು ಪ್ರಸಾರ ಮಾಡಿದಾಗ ಜಗಳ ಎದ್ದದ್ದೂ ಇದಕ್ಕೇ. ಅಸಲಿ ತುಣುಕುಗಳ ನಡುವೆ ನಟಿಸಿದ ದೃಶ್ಯಗಳನ್ನು ಗುರುತು ಹಾಕದೆ ಬೆರೆಸಿದ್ದಾರೆಂದು ಇಂಪೀರಿಯಲ್ ವಾರ್ ಮ್ಯೂಸಿಯಂನ ನಿರ್ದೇಶಕ ನೋಬಲ್ ಫ್ರಾಂಕ್‌ಲ್ಯಾಂಡ್ ತಕರಾರು ತೆಗೆದರು. ಆ ಸರಣಿಗೆ ಮ್ಯೂಸಿಯಂ ಕೂಡ ಪಾಲುದಾರ ಎಂಬುದನ್ನು ಮರೆಯಬೇಡಿ.

ತುಣುಕಿನ ವೇಗದ ವಿಷಯ ಚಿಕ್ಕದು, ಆದರೆ ತುಣುಕನ್ನು ಪರೀಕ್ಷಿಸುವವರಿಗೆ ಬೇಕಾದದ್ದು. ಮೂಕಿ ಕಾಲದಲ್ಲಿ ಸೆಕೆಂಡಿಗೆ ಸುಮಾರು 16 ಫ್ರೇಮ್ (ಬಿಡಿ ಚಿತ್ರ) ಚಿತ್ರಿಸುತ್ತಿದ್ದರು. ಅದನ್ನು 24ರ ವೇಗದಲ್ಲಿ ಓಡಿಸಿದರೆ ಜನ ಗೊಂಬೆಗಳಂತೆ ಪುಟಿಯುತ್ತಾರೆ. ಒಂದು ಬಿಟ್ಟು ಒಂದು ಫ್ರೇಮನ್ನು ಎರಡು ಸಲ ಅಚ್ಚು ಹಾಕಿದರೆ 16 ಫ್ರೇಮು 24 ಆಗಿ ನಡಿಗೆ ಸಹಜವಾಗುತ್ತದೆ. ಈಗ ನಡುವಿನ ಫ್ರೇಮುಗಳನ್ನು ಕಂಪ್ಯೂಟರೇ ಹೆಣೆದು ಕೊಡುತ್ತದೆ.

ಇನ್ನು, ನಟನೆಯ ಸೋಂಕೇ ಇಲ್ಲದ ತುಣುಕೂ ಬೇರೆ ಮಾತನ್ನು ಆಡಬಲ್ಲದು. ಸೋವಿಯತ್ ಸಂಕಲನಕಾರ್ತಿ ಎಸ್ಫಿರ್ ಶುಬ್ 1927ರಲ್ಲಿ ರಷ್ಯವನ್ನು ಆಳಿದ ರೊಮಾನೊವ್ ರಾಜವಂಶದ ಪತನದ ಕುರಿತು ಚಿತ್ರ ಕಟ್ಟಿದ್ದು ಬಹುತೇಕ ಹಳೆಯ ವಾರ್ತಾಚಿತ್ರಗಳಿಂದ ಮತ್ತು ತ್ಸಾರ್ ಮನೆತನದ ಖಾಸಗಿ ರೀಲುಗಳಿಂದ. ಸುಮಾರು 60,000 ಮೀಟರ್ ಫಿಲ್ಮನ್ನು ಆಕೆ ಜಾಲಾಡಿದರಂತೆ. ಒಂದೆಡೆ ಹಡಗಿನ ಮೇಲೆ ಸಿರಿವಂತರು ಕುಣಿದು ಬೆವರುತ್ತಾರೆ; ಮರುಕ್ಷಣ ಮಣ್ಣು ಅಗೆಯುವ ಕೂಲಿಗಳು ಬರುತ್ತಾರೆ. ಹಡಗಿನ ದೃಶ್ಯ ಮೂಲದಲ್ಲಿ ಇದ್ದಂತೆಯೇ ಇದೆ. ಪಕ್ಕಕ್ಕೆ ಗುದ್ದಲಿ ಬಂದಿದೆ, ಅಷ್ಟೆ.