ಬಸವನಹುಳುವಿಗೂ ಒಂದು ಅಡ್ಡಹೆಸರು

ಜೂನ್ ಬಂತೆಂದರೆ ನಮ್ಮಂಥ ಪದವಿ ಕಾಲೇಜಿನ ಮೇಷ್ಟ್ರುಗಳಿಗೆ ಪಾಠಕ್ಕಿಂತ ಅಡ್ಮಿಷನ್ ಕೆಲಸವೇ ಜಾಸ್ತಿ. ನಾನು ಕೊಪ್ಪಳದಲ್ಲಿ ಪ್ರಾಣಿಶಾಸ್ತ್ರ ಕಲಿಸುವವನು. ಮಾರ್ಕ್ಸ್ ಕಾರ್ಡು, ಆಧಾರ್, ಜಾತಿ ಸರ್ಟಿಫಿಕೇಟು ಪಕ್ಕಪಕ್ಕ ಇಟ್ಟುಕೊಂಡು ಹೆಸರು ತಾಳೆ ನೋಡುವುದು ನನ್ನ ಪಾಲಿಗೆ ಬಂದ ಕೆಲಸ. ಮೂರರಲ್ಲೂ ಒಂದೇ ಹೆಸರಿದ್ದರೆ ಅದು ನಮ್ಮ ಪುಣ್ಯ. ಒಂದರಲ್ಲಿ ಶರಣಪ್ಪ, ಇನ್ನೊಂದರಲ್ಲಿ ಶರಣಬಸಪ್ಪ. ಕೇಳಿದರೆ ಹುಡುಗ, "ಎರಡೂ ನಾನೇ ರೀ ಸರ್" ಅನ್ನುತ್ತಾನೆ. ಅವನ ಮಾತು ಖರೇನೇ. ಆದರೆ ಕಂಪ್ಯೂಟರು ಒಪ್ಪಬೇಕಲ್ಲ!

ಅದೇ ಹೊತ್ತಿಗೆ ಹೊಸ ಹುಡುಗರಿಗೆ ಪ್ರಾಣಿಗಳಿಗೆ ಹೆಸರಿಡುವ ನಿಯಮಗಳ ಪಾಠವೂ ಶುರುವಾಗುತ್ತದೆ. ಒಣ ಪಾಠ. ಅದಕ್ಕೆ ನಾನು ಕೋನ್ ಬಸವನಹುಳುಗಳನ್ನು ತೆಗೆದುಕೊಳ್ಳುತ್ತೇನೆ. ಇವು ಸಮುದ್ರದ ಜೀವಿಗಳು. ಕೊಪ್ಪಳದಿಂದ ಸಮುದ್ರ ದೂರ, ನಿಜ. ಆದರೆ ಇವುಗಳ ಹೆಸರುಗಳನ್ನು ನೋಡಿದರೆ ನಮ್ಮ ಹಾಜರಿ ಪುಸ್ತಕ ಓದಿದ ಹಾಗೆಯೇ ಇರುತ್ತದೆ.

ಮೊದಲು ನಮ್ಮ ಕಡೆಯ ಹೆಸರು ನೋಡೋಣ. ಕೊಪ್ಪಳದ ಹುಡುಗ ಗವಿಸಿದ್ದಪ್ಪ, ಹುಲಗಿ ಅಮ್ಮನಿಗೆ ಹರಕೆ ಹೊತ್ತವರ ಮಗಳು ಹುಲಿಗೆಮ್ಮ, ಕನಕಗಿರಿ ಕಡೆಯವನು ಕನಕಾಚಲ, ಹಂಪಿ ಸುತ್ತಲಿನವರು ಪಂಪಾಪತಿ, ವಿರೂಪಾಕ್ಷಿ. ಹೆಸರು ಕೇಳಿದರೆ ಬಸ್ಸು ಎಲ್ಲಿಂದ ಹೊರಟಿದ್ದು ಅಂತ ಅರ್ಧ ಗೊತ್ತಾಗುತ್ತದೆ. ಅಡ್ಡಹೆಸರು ಉಳಿದರ್ಧ ಹೇಳುತ್ತದೆ. ಊರಿಂದ ಬಂದದ್ದು ಅಳವಂಡಿ, ಬೇವೂರ, ಹಿಟ್ನಾಳ. ಕಸುಬಿನಿಂದ ಬಂದದ್ದು ಕುಂಬಾರ, ಬಡಿಗೇರ, ಪತ್ತಾರ, ಹೂಗಾರ. ಅಧಿಕಾರದಿಂದ ಬಂದದ್ದು ದಳವಾಯಿ, ನಾಡಗೌಡ, ದೇಸಾಯಿ, ಕುಲಕರ್ಣಿ. ಅಂಗಡಿಯಲ್ಲಿ ಏನು ಮಾರುತ್ತಿದ್ದರೋ ಅದೇ ಅಂಟಿಕೊಂಡದ್ದು ಬೆಲ್ಲದ, ಮೆಣಸಿನಕಾಯಿ, ಉಳ್ಳಾಗಡ್ಡಿ. ಇದೆಲ್ಲ ಕೇಳಲು ಚೆಂದ. ಆದರೆ ಹೊಸಬರ ಅಡ್ಡಹೆಸರು ಕೇಳುವುದು ಎಷ್ಟೋ ಸಲ ಜಾತಿ ಕೇಳುವ ಸಭ್ಯ ದಾರಿ ಅಷ್ಟೆ. ಅದಕ್ಕೇ ಈಗ ಕೆಲವರು ಅಡ್ಡಹೆಸರು ಬಿಟ್ಟು ಅಪ್ಪನ ಹೆಸರು ಸೇರಿಸಿಕೊಳ್ಳುತ್ತಾರೆ. ನನಗೆ ಅದರಲ್ಲಿ ತಪ್ಪೇನೂ ಕಾಣುವುದಿಲ್ಲ.

ಬಳ್ಳಾರಿ ಕಡೆ ಹೋದರೆ ಲೆಕ್ಕ ತಿರುಗಾಮುರುಗ. ಅಲ್ಲಿ ಇನಿಷಿಯಲ್ ಮುಂದೆ, ಹೆಸರು ಹಿಂದೆ. ತೆಲುಗು ಮನೆಗಳಲ್ಲಿ ಆ ಇನಿಷಿಯಲ್ ಒಳಗೆ ಇಂಟಿಪೇರು, ಅಂದರೆ ಮನೆತನದ ಹೆಸರು, ಅಡಗಿರುತ್ತದೆ. ಬಳ್ಳಾರಿ 1953ರ ಅಕ್ಟೋಬರ್ 1ರ ತನಕ ಮದ್ರಾಸ್ ಆಡಳಿತದಲ್ಲಿತ್ತು. ಕಾಗದಪತ್ರದ ರೂಢಿಯೂ ಆ ಕಡೆಯದೇ. ರಾಯಚೂರು, ಕೊಪ್ಪಳ 1948ರ ತನಕ ನಿಜಾಮರ ಕೈಯಲ್ಲಿದ್ದವು. ಸರ್ಕಾರಿ ದಫ್ತರ ಉರ್ದುವಿನಲ್ಲಿ. ಉರ್ದು ಬರಹದಲ್ಲಿ ಹ್ರಸ್ವ ಸ್ವರಗಳನ್ನು ಸಾಮಾನ್ಯವಾಗಿ ಬರೆಯುವುದಿಲ್ಲ, ಓದುವವರೇ ತುಂಬಿಕೊಳ್ಳಬೇಕು. ಗೊತ್ತಿದ್ದ ಹೆಸರಾದರೆ ಸರಿ. ಗೊತ್ತಿಲ್ಲದ ಊರಿನ ಗೊತ್ತಿಲ್ಲದ ಮನೆತನವಾದರೆ ಗುಮಾಸ್ತ ಓದಿದ್ದೇ ಹೆಸರು.

ಈಗ ಬಸವನಹುಳುವಿಗೆ ಬರುತ್ತೇನೆ. ಸ್ವೀಡನ್ನಿನ ಲಿನೇಯಸ್ 1758ರಲ್ಲಿ ಈ ಗುಂಪಿಗೆ ಕೋನಸ್ ಅಂತ ಕುಲದ ಹೆಸರಿಟ್ಟ. ಒಂಬೈನೂರಕ್ಕೂ ಹೆಚ್ಚು ಬಗೆಗಳು ಈಗ ಗೊತ್ತಿವೆ. ಕುಲದ ಹೆಸರು ಮುಂದೆ, ಸ್ವಂತ ಹೆಸರು ಹಿಂದೆ, ಥೇಟ್ ಬಳ್ಳಾರಿ ಪದ್ಧತಿ. ಎರಡನೇ ಸಲ ಬರೆಯುವಾಗ ಕುಲಕ್ಕೆ ಬರೀ ಇನಿಷಿಯಲ್ ಸಾಕು: ಸಿ. ಟೆಕ್ಸ್ಟೈಲ್.

ಆ ಸ್ವಂತ ಹೆಸರುಗಳನ್ನು ನೋಡಿ. ಕೋನಸ್ ಫಿಗುಲಿನಸ್ ಅಂದರೆ ಕುಂಬಾರನದು. ಕೋನಸ್ ಮಿಲೆಸ್ ಸಿಪಾಯಿ. ಕ್ಯಾಪಿಟೇನಿಯಸ್ ದಂಡಿನ ನಾಯಕ, ಅಮ್ಮಿರಾಲಿಸ್ ನೌಕಾಪಡೆಯ ದೊಡ್ಡ ಸಾಹೇಬ. ಲಿಟರೇಟಸ್ ಮೈಮೇಲೆ ಅಕ್ಷರದಂಥ ಚುಕ್ಕಿಗಳಿರುವುದು. ಕ್ಲಾಸಿನಲ್ಲಿ ಇದನ್ನು ಹೇಳಿದಾಗ ಹಿಂದಿನ ಬೆಂಚಿನಿಂದ, "ಸರ್, ಹಂಗಾರ ಕ್ಯಾಪಿಟೇನಿಯಸ್ ನಮ್ಮ ದಳವಾಯಿ ಮನೆತನದ್ದು" ಅಂದ ಒಬ್ಬ. ಇಡೀ ಕ್ಲಾಸು ಆ ಅಡ್ಡಹೆಸರಿನ ಹುಡುಗಿಯ ಕಡೆ ತಿರುಗಿತು. ಅವಳು ತಲೆ ಎತ್ತದೆ, "ನಮ್ಮಪ್ಪ ಗೊಬ್ಬರದ ಅಂಗಡಿ ಇಟ್ಟಾರ್ರಿ" ಅಂದಳು.

ಅವಳು ಹೇಳಿದ್ದೇ ನನ್ನ ಪಾಠ. ಸಿಪಾಯಿ ಅನ್ನಿಸಿಕೊಂಡ ಮಿಲೆಸ್ ಯಾರ ಜೊತೆಗೂ ಯುದ್ಧಕ್ಕೆ ಹೋಗುವುದಿಲ್ಲ, ಅದು ಮರಳಿನ ಹುಳ ತಿಂದುಕೊಂಡಿರುತ್ತದೆ. ಕ್ಯಾಪಿಟೇನಿಯಸ್ಸಿನದೂ ಅದೇ ಊಟ. ಹೆಸರಿಟ್ಟವರ ಕೈಗೆ ಸಿಕ್ಕಿದ್ದು ಹೆಚ್ಚಾಗಿ ಖಾಲಿ ಚಿಪ್ಪು, ಹಡಗಿನಲ್ಲಿ ಯುರೋಪಿಗೆ ಬಂದದ್ದು. ಜೀವ ಹೇಗೆ ಬದುಕುತ್ತದೆ ಅಂತ ಅವರು ನೋಡಿರಲಿಲ್ಲ. ಅಂಗಿ ನೋಡಿ ಹೆಸರಿಟ್ಟರು.

ನಮ್ಮ ವಿಭಾಗದ ಕಪಾಟಿನಲ್ಲಿ ಒಂದು ಟೆಕ್ಸ್ಟೈಲ್ ಇದೆ. ಟೆಕ್ಸ್ಟೈಲ್ ಅಂದರೆ ನೆಯ್ದ ಬಟ್ಟೆ. ಬಿಳಿ ಮೈಮೇಲೆ ಕಂದು ಗೆರೆಯ ಸಣ್ಣ ಸಣ್ಣ ತ್ರಿಕೋನಗಳು, ಒಂದರ ಮೇಲೊಂದು. ನಡುವೆ ಹಳದಿ ಪಟ್ಟೆ. ಹುಡುಗಿಯರು ಸೀರೆ ಅಂಚು ನೋಡಿದ ಹಾಗೆ ತಿರುಗಿಸಿ ತಿರುಗಿಸಿ ನೋಡುತ್ತಾರೆ. ಇದು ಬದುಕಿದ್ದಾಗ ಬೇರೆ ಬಸವನಹುಳುಗಳನ್ನು ಬೇಟೆಯಾಡುತ್ತಿತ್ತು. ಇದರ ಹಲ್ಲು ಅಗಿಯುವ ಹಲ್ಲಲ್ಲ. ಟೊಳ್ಳಾದ ಈಟಿ, ತುದಿಗೆ ಕೊಕ್ಕೆ. ಸೊಂಡಿಲಿನ ತುದಿಯಲ್ಲಿ ಒಂದನ್ನು ಸಿದ್ಧ ಮಾಡಿಕೊಂಡು ಬೇಟೆಗೆ ಚುಚ್ಚಿ ವಿಷ ಬಿಡುತ್ತದೆ. ಒಂದು ಈಟಿ ಒಂದೇ ಸಲ. ಒಳಗಿನ ಚೀಲದಲ್ಲಿ ಇನ್ನೂ ಇರುತ್ತವೆ. ಇದರ ಬಳಗದ ಕೋನಸ್ ಜಿಯೊಗ್ರಾಫಸ್ ಇನ್ನೂ ಅಪಾಯದ್ದು. ಚಿಪ್ಪಿನ ಗುರುತು ನಕಾಶೆಯಂತೆ ಕಂಡಿದ್ದರಿಂದ ಆ ಹೆಸರು. ಅದು ಬಾಯಿಯನ್ನು ಬಲೆಯಂತೆ ಅಗಲಿಸಿ ಮೀನನ್ನು ನುಂಗುತ್ತದೆ. ಅದರ ವಿಷದಲ್ಲಿ ಮೀನಿನ ಇನ್ಸುಲಿನ್ನನ್ನು ಹೋಲುವ ಇನ್ಸುಲಿನ್ ಇದೆ, ಮೀನಿನ ರಕ್ತದ ಸಕ್ಕರೆ ಇಳಿಸಿ ಅದನ್ನು ಮಂಕಾಗಿಸುತ್ತದೆ ಅಂತ 2015ರಲ್ಲಿ ಗೊತ್ತಾಯಿತು. ಅದು ಚುಚ್ಚಿ ಮನುಷ್ಯರೂ ಸತ್ತಿದ್ದಾರೆ. ಪ್ರತಿವಿಷ ಇಲ್ಲ. ಇಷ್ಟೆಲ್ಲ ಇದ್ದೂ ಹೆಸರಿನಲ್ಲಿ ವಿಷದ ಸುಳಿವಿಲ್ಲ. ಟೂರಿಗೆ ಹೋಗುವ ಹುಡುಗರಿಗೆ ನಾನು ಒಂದು ಮಾತು ಹೇಳಿಯೇ ಕಳಿಸುತ್ತೇನೆ: ಸಮುದ್ರದ ದಂಡೆಯಲ್ಲಿ ಶಂಕುವಿನಂಥ ಚಿಪ್ಪು ಕಂಡರೆ ಜೀವ ಇದೆಯೋ ಇಲ್ಲವೋ ಗೊತ್ತಾಗದೆ ಕೈಯಲ್ಲಿ ಹಿಡಿಯಬೇಡಿ, ಜೇಬಿಗಂತೂ ಹಾಕಲೇಬೇಡಿ.

ಇದು ಕೊಲ್ಲುತ್ತದೆ ಅಂತ ಮೊದಲು ಬರೆದವನು ಲಿನೇಯಸ್ ಅಲ್ಲ. ರಂಫಿಯಸ್ ಅಂತ ಒಬ್ಬನಿದ್ದ. ಈಗಿನ ಇಂಡೋನೇಷ್ಯಾದ ಅಂಬೋನ್ ದ್ವೀಪದಲ್ಲಿ ಡಚ್ ಕಂಪನಿಯ ನೌಕರ. ಕಣ್ಣು ಹೋದ ಮೇಲೂ ಚಿಪ್ಪುಗಳ ಬಗ್ಗೆ ಬರೆಸಿದ. ಈ ಹುಳು ಚುಚ್ಚಿ ಒಬ್ಬ ಗುಲಾಮ ಹೆಂಗಸು ಸತ್ತ ಸಂಗತಿ ಅವನ ಪುಸ್ತಕದಲ್ಲಿದೆ. ಅದು ಅಚ್ಚಾದದ್ದು 1705ರಲ್ಲಿ, ಅವನು ತೀರಿಕೊಂಡ ಮೇಲೆ. ಆದರೂ ಅವನು ಕೊಟ್ಟ ಹೆಸರುಗಳು ಇವತ್ತು ಲೆಕ್ಕಕ್ಕಿಲ್ಲ. ಪ್ರಾಣಿಗಳ ಹೆಸರಿನ ಲೆಕ್ಕ 1758ರ ಜನವರಿ 1ರಿಂದ ಶುರು ಅಂತ ನಿಯಮ. ಅದಕ್ಕೂ ಮುಂಚಿನದು ಎಷ್ಟೇ ಸರಿ ಇರಲಿ, ಇಲ್ಲ ಅಂತಲೇ ಅರ್ಥ. ಅದಾದ ಮೇಲೆ ಮೊದಲು ಅಚ್ಚಾದ ಹೆಸರೇ ಖಾಯಂ.

ನಮ್ಮಲ್ಲಿ ಆ 1758ರ ಜಾಗದಲ್ಲಿ ಇರುವುದು ಒಂದನೇ ಕ್ಲಾಸಿನ ರಿಜಿಸ್ಟರು. ಅಜ್ಜಿ ತೊಟ್ಟಿಲಲ್ಲಿ ಕಿವಿಗೆ ಊದಿದ ಹೆಸರು ಬೇರೆ ಇರಬಹುದು. ದಾಖಲೆಗೆ ಬರುವುದು ಮೇಷ್ಟ್ರು ಅವತ್ತು ಬರೆದದ್ದು. ಜೂನ್ 1ಕ್ಕೆ ಹುಟ್ಟಿದವರು ನಮ್ಮ ಭಾಗದಲ್ಲಿ ಯಾಕೆ ಇಷ್ಟು ಜನ ಅಂತ ಯೋಚಿಸಿ, ಉತ್ತರ ಸಿಗುತ್ತದೆ. ಹೆಸರಿನದೂ ಅದೇ ಕತೆ.

ಕೋನಸ್ ಕುಲದಲ್ಲೂ ಇಂಥ ಜಗಳ ಬೇಕಾದಷ್ಟಿವೆ. ಚಿಪ್ಪಿನ ಬಣ್ಣ ಸ್ವಲ್ಪ ಬೇರೆಯಾದರೆ ಸಾಕು, ಹೊಸ ಹೆಸರು. ಫ್ರಾನ್ಸಿನ ಜೂಸೋಮ್ 1894ರಲ್ಲಿ ಒಂದು ಉದ್ದನೆಯ ಚೆಲುವಾದ ಕೋನಸ್ಸಿಗೆ ಮಿಲ್ನೆ-ಎಡ್ವರ್ಡ್ಸ್ ಅನ್ನುವ ಪ್ರಾಣಿಶಾಸ್ತ್ರಜ್ಞರ ಮನೆತನದ ಹೆಸರಿಟ್ಟ. 1899ರಲ್ಲಿ ಮೆಲ್ವಿಲ್ ಮತ್ತು ಸ್ಟ್ಯಾಂಡೆನ್ ನಮ್ಮ ಅರಬ್ಬಿ ಸಮುದ್ರದ ಒಂದು ಕೋನಸ್ಸಿಗೆ ಕ್ಲೈಟೋಸ್ಪೈರಾ ಅಂತ ಹೆಸರು ಕೊಟ್ಟರು. ನೋಡಿದರೆ ಅದೂ ಜೂಸೋಮ್ ಹೆಸರಿಟ್ಟ ಬಗೆಯೇ. ಮೊದಲು ಬಂದ ಹೆಸರು ಉಳಿಯಿತು, ಆಮೇಲಿನದು ಅದರ ಅಡಿಯಲ್ಲಿ ಉಪಬಗೆಯಾಗಿ ನಿಂತಿತು. ಇನ್ನೊಂದು ತಮಾಷೆ ಇದೆ. ಪ್ರಾಣಿಗಳ ಹೆಸರಿನಲ್ಲಿ ಅಡ್ಡಗೆರೆ ಇರಕೂಡದು. ಅದಕ್ಕೆ ಮಿಲ್ನೆ-ಎಡ್ವರ್ಡ್ಸ್ ಸಾಹೇಬರ ಎರಡು ತುಂಡಿನ ಅಡ್ಡಹೆಸರು ಒಂದೇ ಉದ್ದ ಪದವಾಗಿ ಹೋಯಿತು. ಹೆಸರಿನ ಎರಡು ಭಾಗ ಅಂಟಿಸಿ ಕೊಟ್ಟ ಆಧಾರ್ ಕಾರ್ಡುಗಳು ದಿನಾ ನನ್ನ ಟೇಬಲ್ಲಿಗೆ ಬರುತ್ತವೆ.

ಹುಡುಗಿಯರ ಕತೆ ಬೇರೆ. ಮದುವೆಯಾಗಿ ಬಿ.ಎ. ಮುಂದುವರಿಸಲು ಬಂದವಳ ಮಾರ್ಕ್ಸ್ ಕಾರ್ಡಿನಲ್ಲಿ ತವರಿನ ಅಡ್ಡಹೆಸರು, ಆಧಾರಿನಲ್ಲಿ ಗಂಡನ ಮನೆಯದು. ಅಫಿಡವಿಟ್ಟು ಮಾಡಿಸಿ, ಪೇಪರಿಗೆ ಜಾಹೀರಾತು ಕೊಡಿ ಅಂತ ಓಡಾಡಿಸುತ್ತೇವೆ. ಬಸವನಹುಳು ಈ ವಿಷಯದಲ್ಲಿ ಪುಣ್ಯವಂತ. ಒಂದು ಬಗೆಯನ್ನು ಬೇರೆ ಕುಲಕ್ಕೆ ಸೇರಿಸಿದರೆ ಸ್ವಂತ ಹೆಸರು ಹಾಗೇ ಉಳಿಯುತ್ತದೆ, ಮೊದಲು ಹೆಸರಿಟ್ಟವನ ಹೆಸರನ್ನು ಕಂಸದೊಳಗೆ ಬರೆಯುತ್ತಾರೆ. ಅದು ಎಲ್ಲಿಂದ ಬಂತು ಅಂತ ಯಾರಿಗೂ ಅನುಮಾನ ಉಳಿಯುವುದಿಲ್ಲ. 2009ರಲ್ಲಿ ಇಬ್ಬರು ತಜ್ಞರು ಕೋನಸ್ ಕುಲವನ್ನು ಹತ್ತಾರು ಮನೆಗಳಾಗಿ ಒಡೆದರು. ಕೆಲವೇ ವರ್ಷಗಳಲ್ಲಿ ಡಿಎನ್‌ಎ ನೋಡಿದವರು ಹೆಚ್ಚಿನವನ್ನು ಮತ್ತೆ ಕೋನಸ್ ಮನೆಗೇ ಕರೆತಂದರು. ಯಾವ ಹುಳುವೂ ಅಫಿಡವಿಟ್ಟು ಕೊಡಬೇಕಾಗಲಿಲ್ಲ.

ಬಿರುದೇ ಹೆಸರಿನ ಜಾಗದಲ್ಲಿ ಕೂತುಬಿಡುವುದೂ ಉಂಟು. ಬಂಡೆಗಳ ಮೇಲೆ ಬಹುತೇಕ ಕಡೆ ದೇವಾನಾಂಪ್ರಿಯ, ಪ್ರಿಯದರ್ಶಿ ಅಂತಷ್ಟೇ ಕಾಣಿಸುತ್ತಿದ್ದ ರಾಜ ಅಶೋಕನೇ ಅಂತ ಖಾತ್ರಿಯಾದದ್ದು ನಮ್ಮ ರಾಯಚೂರು ಜಿಲ್ಲೆಯ ಮಸ್ಕಿಯಲ್ಲಿ. 1915ರಲ್ಲಿ ಅಲ್ಲಿ ಸಿಕ್ಕ ಶಾಸನದಲ್ಲಿ ಅವನ ಸ್ವಂತ ಹೆಸರಿತ್ತು. ಬಳ್ಳಾರಿಯ ನಿಟ್ಟೂರಿನಲ್ಲೂ ಇದೆ. ಇದು ಹುಡುಗರಿಗೆ ಇಷ್ಟವಾಗುವ ಭಾಗ, ಪರೀಕ್ಷೆಗೆ ಬರುವುದಿಲ್ಲ.

ಇನಿಷಿಯಲ್ಲಿನ ಮಾತು ಇನ್ನೊಂದಿದೆ. ಈ ಹುಳುಗಳ ವಿಷದಲ್ಲಿರುವ ಒಂದೊಂದು ಅಂಶಕ್ಕೂ ಹೆಸರಿದೆ, ಅದರ ಮೊದಲಕ್ಷರ ಯಾವ ಹುಳುವಿನದು ಅಂತ ಹೇಳುತ್ತದೆ. ಜಿಯೊಗ್ರಾಫಸ್ಸಿನದು ಜಿ, ಮೇಗಸ್ ಅನ್ನುವ ಇನ್ನೊಂದು ಕೋನಸ್ಸಿನದು ಎಂ. ಮೀನು ಹಿಡಿಯುವವಕ್ಕೆ ಒಂದಕ್ಷರ, ಉಳಿದವಕ್ಕೆ ಎರಡು. ಎಂ 7 ಎ ಅನ್ನುವ ಅಂಶ ಫಿಲಿಪ್ಪೀನ್ಸಿನಲ್ಲಿ ಹುಟ್ಟಿದ ಬಾಲ್ಡೊಮೆರೊ ಒಲಿವೆರಾ ಅವರ ಅಮೆರಿಕದ ಪ್ರಯೋಗಾಲಯದಲ್ಲಿ ಸಿಕ್ಕಿತು. 25 ಅಮೈನೊ ಆಮ್ಲಗಳ ಸಣ್ಣ ಸರಪಳಿ. ನೋವಿನ ಸುದ್ದಿ ನರದಿಂದ ನರಕ್ಕೆ ದಾಟದಂತೆ ತಡೆಯುತ್ತದೆ. ಮಾರ್ಫಿನ್ ಸಾಲದ ನೋವಿಗೆ ಬೆನ್ನುಹುರಿಯ ಸುತ್ತಲಿನ ದ್ರವಕ್ಕೆ ಕೊಡುವ ಔಷಧಿಯಾಗಿ 2004ರ ಡಿಸೆಂಬರಿನಲ್ಲಿ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿತು. ಔಷಧಿಗೆ ಹೆಸರು ಮತ್ತೆ ಬದಲಾಯಿತು: ಜಿಕೊನೊಟೈಡ್. ಎಂ ಅನ್ನುವ ಇನಿಷಿಯಲ್ ಅಲ್ಲಿ ಬಿದ್ದುಹೋಯಿತು.

ನಮ್ಮ ಹುಡುಗರ ಇನಿಷಿಯಲ್ ಹಾಗೆ ಬಿದ್ದುಹೋಗುವುದು ಪಾಸ್‌ಪೋರ್ಟ್ ಅರ್ಜಿಯಲ್ಲಿ. ಅಲ್ಲಿ ಅದನ್ನು ಬಿಡಿಸಿ ಬರೆಯಿರಿ ಅನ್ನುತ್ತಾರೆ, ಮಾರ್ಕ್ಸ್ ಕಾರ್ಡಿನಲ್ಲಿ ಬರೀ ಒಂದಕ್ಷರ ಇರುತ್ತದೆ. ಹಾಗಾಗಿ ಅಡ್ಮಿಷನ್ನಿಗೆ ಬರುವ ಅಪ್ಪ-ಅವ್ವಂದಿರಿಗೆ ನಾನು ಹೇಳುವುದು ಇಷ್ಟು. ಮನೆಯಲ್ಲಿ ಇನ್ನೊಂದು ಸಣ್ಣ ಕೂಸಿದ್ದರೆ ಅದರ ಜನನ ಪ್ರಮಾಣಪತ್ರ ತೆಗೆದು ನೋಡಿ. ಇನಿಷಿಯಲ್ ಪೂರ್ತಿ ಬಿಡಿಸಿದೆಯಾ, ಅಡ್ಡಹೆಸರು ಬೇಕಾ ಬೇಡವಾ ಅಂತ ಮನೆಯಲ್ಲೇ ಮಾತಾಡಿಕೊಳ್ಳಿ. ಗವಿಸಿದ್ದಪ್ಪನಿಗೆ ಇಂಗ್ಲಿಷಿನಲ್ಲಿ ಒಂದು ‘ಡಿ’ಯೋ, ಎರಡೋ, ಕೊನೆಗೆ ಒಂದು ‘ಎಚ್’ ಬೇಕೋ ಅನ್ನುವುದನ್ನು ಒಂದನೇ ಕ್ಲಾಸಿಗೆ ಸೇರಿಸುವ ಮೊದಲೇ ಗಟ್ಟಿ ಮಾಡಿಕೊಳ್ಳಿ.