ಕೆರೆಗೆ ಬಿಡುವ ಮೊದಲು ಕಾಲು ನೋಡಿ

ದಾವಣಗೆರೆಯಲ್ಲಿ ಮಳೆ ಶುರುವಾಯಿತು ಅಂದರೆ ನನ್ನ ಕ್ಲಿನಿಕ್ಕಿಗೆ ದನ, ಕುರಿ, ನಾಯಿಗಳ ಜೊತೆ ಬಕೆಟ್ಟಿನಲ್ಲಿ ಆಮೆಗಳೂ ಬರುತ್ತವೆ. ಹೋದ ವರ್ಷ ಜಗಳೂರು ಕಡೆಯ ರೈತರೊಬ್ಬರು ತಂದದ್ದು ನಕ್ಷತ್ರ ಆಮೆ. ಹೊಲದ ಬದುವಿನಲ್ಲಿ ಸಿಕ್ಕಿತ್ತಂತೆ. ರಾತ್ರಿಯೆಲ್ಲ ನೀರು ತುಂಬಿದ ಬಕೆಟ್ಟಿನಲ್ಲಿ ಇಟ್ಟಿದ್ದರು. "ಆಮೆ ಅಂದ್ಮೇಲೆ ನೀರಾಗೆ ಇರ್ಬೇಕಲ್ವಾ ಸಾರ್? ಪಾಪ, ಒಣಗಿ ಹೋಗಿತ್ತು" ಅಂದರು. ಅದು ಬದುಕಲಿಲ್ಲ. ಅವರು ಕಣ್ಣೊರೆಸಿಕೊಂಡು ಹೋದರು.

ನಮ್ಮ ಭಾಷೆಯಲ್ಲಿ ಎಲ್ಲಕ್ಕೂ ಒಂದೇ ಹೆಸರು, ಆಮೆ. ತೊಂದರೆ ಶುರುವಾಗುವುದೇ ಇಲ್ಲಿ. ಆಮೆಗಳೆಲ್ಲ ಸೇರುವ ಟೆಸ್ಟುಡಿನೀಸ್ ಅನ್ನುವ ಗಣದಲ್ಲಿ 350ಕ್ಕೂ ಜಾಸ್ತಿ ಜಾತಿಗಳಿವೆ, ಅವು 14 ಕುಟುಂಬಗಳಿಗೆ ಹಂಚಿಹೋಗಿವೆ. ಕೆರೆಯ ಕಪ್ಪಾಮೆ ಒಂದು ಕುಟುಂಬ, ಮೆತ್ತನೆ ಚಿಪ್ಪಿನದು ಇನ್ನೊಂದು, ನಕ್ಷತ್ರ ಆಮೆ ಮತ್ತೊಂದು. ನಕ್ಷತ್ರ ಆಮೆಯದು ಟೆಸ್ಟುಡಿನಿಡೆ. ಈ ಕುಟುಂಬದವೆಲ್ಲ ನೆಲದ ಮೇಲೆ ಬದುಕುವಂಥವು.

ಪುಸ್ತಕ ಬೇಡ, ಕಾಲು ನೋಡಿ ಸಾಕು. ಕೆರೆ ಆಮೆಯ ಬೆರಳುಗಳ ನಡುವೆ ಬಾತುಕೋಳಿಗೆ ಇರುವ ಹಾಗೆ ಚರ್ಮ ಇರುತ್ತದೆ. ನಕ್ಷತ್ರ ಆಮೆಯ ಕಾಲು ಪುಟ್ಟ ಆನೆಯ ಕಾಲು. ದುಂಡಗೆ, ಗಟ್ಟಿಯಾಗಿ, ಕಂಬದ ಹಾಗೆ. ಬೆರಳು ಬಿಡಿಯಾಗಿ ಕಾಣುವುದೇ ಇಲ್ಲ, ಮೊಂಡು ಉಗುರಷ್ಟೇ ಕಾಣುತ್ತದೆ. ಆ ಕಾಲಲ್ಲಿ ಈಜೋದು ಹೇಗೆ, ಹೇಳಿ? ಸ್ವಲ್ಪ ಹೊತ್ತು ತೇಲಬಹುದು. ಹತ್ತಿ ಕೂರಲು ದಡ ಸಿಗದಿದ್ದರೆ ಸುಸ್ತಾಗಿ ಮುಳುಗುತ್ತದೆ. ಆಮೆಗೆ ಮೀನಿನ ಹಾಗೆ ಕಿವಿರು ಇಲ್ಲ, ಇರುವುದು ಶ್ವಾಸಕೋಶ. ಕೆರೆಯ ಆಮೆಯೂ ಉಸಿರಿಗೆ ಮೇಲೆ ಬರಲೇಬೇಕು. ಹಾಗಾಗಿ ಪುಣ್ಯ ಬರುತ್ತದೆ ಅಂತ ನಕ್ಷತ್ರ ಆಮೆಯನ್ನು ಕೆರೆಗೆ ಬಿಟ್ಟರೆ ನೀವೇ ಕೈಯಾರೆ ಮುಳುಗಿಸಿದ ಹಾಗೆ. ಎಷ್ಟು ಸಲ ಹೇಳಿದರೂ ನನಗೆ ಸಾಕೆನಿಸಿಲ್ಲ. ಕುಡಿಯಲು ಒಂದು ತಟ್ಟೆಯಲ್ಲಿ ಎರಡು ಬೆರಳು ಅಗಲದಷ್ಟು ಎತ್ತರ ನೀರಿದ್ದರೆ ಬೇಕಾದಷ್ಟಾಯಿತು.

ನೀರಲ್ಲಿ ಮುಳುಗಿದ್ದು ಸಿಕ್ಕರೆ ಸತ್ತಿದೆ ಅಂತ ಬಿಸಾಡಬೇಡಿ. ಅಲ್ಲಾಡದೆ ಬಿದ್ದಿದ್ದರೂ ಜೀವ ಇರಬಹುದು. ಕುತ್ತಿಗೆ ಮೆಲ್ಲಗೆ ಮುಂದೆ ಚಾಚಿಸಿ, ತಲೆ ತಗ್ಗಾಗುವ ಹಾಗೆ ಹಿಡಿದು ನೀರು ಇಳಿಯಲು ಬಿಡಿ. ಅಂಗಾತ ಮಲಗಿಸಲೇಬೇಡಿ. ಆಮೆಯ ಪಕ್ಕೆಲುಬು ಚಿಪ್ಪಿನಲ್ಲೇ ಸೇರಿಹೋಗಿರುತ್ತದೆ, ನಮ್ಮ ಹಾಗೆ ಎದೆ ಹಿಗ್ಗಲ್ಲ. ಒಳಗಿನ ಸ್ನಾಯುಗಳೇ ಉಸಿರಾಡಿಸಬೇಕು. ಶ್ವಾಸಕೋಶ ಇರುವುದು ಬೆನ್ನಿನ ಕಡೆ. ಅಂಗಾತ ಹಾಕಿದರೆ ಹೊಟ್ಟೆಯ ಭಾರವೆಲ್ಲ ಅದರ ಮೇಲೆ ಬೀಳುತ್ತದೆ. ಇದು ವೈದ್ಯರು ಸಿಗುವ ತನಕ ಮಾಡುವ ಕೆಲಸ ಅಷ್ಟೇ, ಎಲ್ಲವೂ ಬದುಕುತ್ತವೆ ಅಂತ ನಾನು ಹೇಳಲಾರೆ.

ಮನೆಯಲ್ಲಿ ಸಾಕುವ ಆಸೆಯೂ ಬೇಡ. 1972ರ ವನ್ಯಜೀವಿ ಕಾಯ್ದೆ ಪ್ರಕಾರ ಅದು ಅಪರಾಧ. 2019ರಿಂದ ನಕ್ಷತ್ರ ಆಮೆಯ ಅಂತರರಾಷ್ಟ್ರೀಯ ವ್ಯಾಪಾರಕ್ಕೂ ಕಟ್ಟುನಿಟ್ಟಿನ ನಿಷೇಧ ಇದೆ. ಬದುವಿನಲ್ಲಿ ಚೆನ್ನಾಗಿ ಓಡಾಡಿಕೊಂಡಿದ್ದರೆ ಸುಮ್ನೆ ಬಿಟ್ಟುಬಿಡಿ, ಅದರ ಮನೆ ಅದೇ. ಗಾಯವಾಗಿದ್ದರೆ ಒಣ ರಟ್ಟಿನ ಡಬ್ಬಿಗೆ ನಾಲ್ಕು ತೂತು ಮಾಡಿ, ಅದರಲ್ಲಿಟ್ಟು ಅರಣ್ಯ ಇಲಾಖೆಯವರಿಗೆ ಫೋನ್ ಮಾಡಿ. ಬಕೆಟ್ ಮಾತ್ರ ಬೇಡ.